ಅಕ್ಕನ ಬಕೆಟ್

"ಹೊಡಿ, ಹೊಡಿ! ನಿನ್ನ ಕೈಗೆ ಚಿನ್ನದ ಬಳೆ ತೊಡಿಸ್ಬೇಕು ಕಣೇ!" ಎಂದು ಹೆಡ್‌ಫೋನಿನಲ್ಲಿ ತಂಗಿ ಕೂಗಿದ್ದು ಅಕ್ಕನಿಗಲ್ಲ. ಅಕ್ಕ ಹಡಗಿನ ತಳದಲ್ಲಿ ಬಕೆಟ್ ಹಿಡಿದು, ತೂತುಗಳಿಂದ ನುಗ್ಗುತ್ತಿದ್ದ ನೀರನ್ನು ಎತ್ತಿ ಎತ್ತಿ ಚೆಲ್ಲುತ್ತಿದ್ದಳು. ಆನ್‌ಲೈನ್ ಗೇಮಿನ ಸಮುದ್ರಕ್ಕೆ ಬಂದಿದ್ದ ಏಳು ದೆವ್ವದ ಹಡಗುಗಳಲ್ಲಿ ಆರು ಮುಳುಗಿದ್ದವು. ಒಂದನ್ನೂ ಅವಳು ಕಣ್ಣಾರೆ ಕಂಡಿರಲಿಲ್ಲ.

ಮೂರು ವರ್ಷದಿಂದ ಫಿರಂಗಿ ಅವಳದೇ ಆಗಿತ್ತು. ಭಾನುವಾರ ಮಧ್ಯಾಹ್ನ ಹೊಲಿಗೆ ಮಷಿನ್ನಿಗೆ ಬಟ್ಟೆ ಮುಚ್ಚಿ ಅವಳು ಆಟಕ್ಕೆ ಕೂತರೆ, ಬೇರೆ ಊರಲ್ಲಿ ನರ್ಸ್ ಆಗಿರುವ ತಂಗಿ ಚುಕ್ಕಾಣಿ ಹಿಡಿಯುತ್ತಿದ್ದಳು. ಇಬ್ಬರೇ, ಮೂರನೆಯವರಿಲ್ಲ. ಈಗ ತಂಗಿಯ ಆಸ್ಪತ್ರೆಯಲ್ಲಿ ಎಕ್ಸ್‌ರೇ ತೆಗೆಯುವ ಹುಡುಗಿ ಬಂದು ಫಿರಂಗಿಯ ಹಿಂದೆ ನಿಂತಿದ್ದಳು. ನಿನ್ನೆ ಮೊನ್ನೆ ಬಂದವಳು! ಮೊಣಕಾಲುದ್ದ ನೀರಲ್ಲಿ ನಿಂತಿದ್ದರೂ ಅಕ್ಕನ ಹೊಟ್ಟೆಯೊಳಗೆ ಕಿಚ್ಚು ಹೊತ್ತಿಕೊಂಡಿತು. ಬಕೆಟ್ ಕೆಳಗಿಟ್ಟಳು. ಮುಳುಗಲಿ. ಆ ಚಿನ್ನದ ಕೈ ಸ್ವಲ್ಪ ಈಜಲಿ.

"ಅಕ್ಕಾ, ನೀರು!" ಎನ್ನುತ್ತ ಎಕ್ಸ್‌ರೇ ಹುಡುಗಿ ಮೆಟ್ಟಿಲಿಳಿದು ಓಡಿಬಂದಳು. "ಇದನ್ನ ನಾನು ನೋಡ್ಕೋತೀನಿ, ಫಿರಂಗಿಗೆ ನೀವೇ ಹೋಗಿ. ಡ್ಯೂಟಿಲಿ ನಿಮ್ಮ ತಂಗಿದು ದಿನಾ ನಿಮ್ದೇ ಪುರಾಣ. ನಮ್ಮಕ್ಕ ಆಗಿದ್ರೆ ಒಂದೇ ಏಟಿಗೆ ಮುಳುಗಿಸ್ತಿದ್ಲು ಅಂತಾಳೆ. ಕೇಳಿ ಕೇಳಿ ನಂಗೆ ಹೊಟ್ಟೆ ಉರಿದುಹೋಗಿದೆ."

ನೀರು ಇಬ್ಬರ ಕುತ್ತಿಗೆಗೂ ಬಂದಿತ್ತು. ಏಳನೆಯ ಹಡಗು ಹತ್ತಿರ ಬಂತೆಂದು ಮೇಲಿಂದ ತಂಗಿ ಕಿರುಚುತ್ತಿದ್ದಳು. ಅಕ್ಕ ನಿಂತಲ್ಲಿಂದ ಕದಲಲಿಲ್ಲ.

"ಏನಂದೆ? ಸರಿಯಾಗಿ ಕೇಳಿಸ್ಲಿಲ್ಲ ಕಣಮ್ಮಾ. ಇನ್ನೊಂದ್ಸಲ ಹೇಳು."