ದೇವಿ ಮುಟ್ಟದ ಬೀಗ

ರಾಕ್ಷಸ ಬೀಗ ಒತ್ತಿದ. ಅದು ಕಟಕ್ ಅಂತು. ಅನ್ನಬಾರದಿತ್ತು. ಚಿಗಟೇರಿಯ ಬಯಲಾಟದಲ್ಲಿ ರಾಜಕುಮಾರನ ಕಾಲಿಗೆ ಸರಪಳಿ ಸುತ್ತಿ, ಆಟದ ರಂಗವಾದ ಅಟ್ಟದ ಕಂಬಕ್ಕೆ ಬಿಗಿದು, ರಟ್ಟಿನ ಬೀಗವನ್ನು ಸುಮ್ಮನೆ ನೇತುಹಾಕುವುದು ರೂಢಿ. ಬೆಳಕು ಹರಿಯುವ ಹೊತ್ತಿಗೆ ದೇವಿ ಬಂದು ತ್ರಿಶೂಲ ಮುಟ್ಟಿಸುತ್ತಾಳೆ, ಬೀಗ ಬೀಳುತ್ತದೆ, ಜನ ಕೈ ಮುಗಿಯುತ್ತಾರೆ. ಈ ಸಲ ರಾಕ್ಷಸನ ಪಾರ್ಟು ಹಿಟ್ಟಿನ ಗಿರಣಿಯ ಗಾಳೆಪ್ಪನಿಗೆ ಬಂದಿತ್ತು. ರಟ್ಟಿನ ಬೀಗ ತನ್ನಂಥ ರಾಕ್ಷಸನಿಗೆ ಅವಮಾನ ಎಂದು ಅವನು ಗಿರಣಿ ಬಾಗಿಲಿನ ಬೀಗವನ್ನೇ ತಂದಿದ್ದ, ತೆಂಗಿನಕಾಯಿ ಗಾತ್ರದ್ದು. ಆವೇಶದಲ್ಲಿ ಒತ್ತಿಯೂ ಬಿಟ್ಟ. ಬೀಗದ ಕೈ ಅವನ ಹೆಂಡತಿಯ ಸೆರಗಿನ ಗಂಟಿನಲ್ಲಿತ್ತು. ಹೆಂಡತಿ ನೀಲಗುಂದದ ತವರಿನಲ್ಲಿದ್ದಳು.

ಎಲ್ಲರೂ ಬೆವತರು, ರಾಜಕುಮಾರ ಯರ್ರೆಪ್ಪನೊಬ್ಬನನ್ನು ಬಿಟ್ಟು. ಅವನ ಕಸುಬೇ ಬೀಗ ರಿಪೇರಿ. ಹರಪನಹಳ್ಳಿ ಸಂತೆಯಲ್ಲಿ ಗೋಣಿತಟ್ಟು ಹಾಸಿ ಕೂತರೆ ಕೊಟ್ಟೂರಿನವರೂ ಹುಡುಕಿಕೊಂಡು ಬರುತ್ತಿದ್ದರು. ಸ್ವಂತ ಊರಿನಲ್ಲಿ ಮಾತ್ರ ಇಲ್ಲಿಯವರೆಗೆ ಒಬ್ಬರೂ ಅವನಿಗೆ ಬೀಗ ಕೊಟ್ಟಿರಲಿಲ್ಲ. ಬೀಗದ ಕೈ ಇಲ್ಲದೆ ತೆಗೆಯುತ್ತೇನೆ ಅನ್ನುವುದೆಲ್ಲ ಬೊಗಳೆ, ಸುತ್ತಿಗೆಯಿಂದ ಒಡೆದು ಕೊಡುತ್ತಾನೆ ಎಂದು ಊರಿನ ನಂಬಿಕೆ. ಈಗ ಊರಿಗೆ ಊರೇ ಎದುರು ಕೂತಿದೆ. ಇವತ್ತು ತೆಗೆದು ತೋರಿಸಿದರೆ ಊರಿನ ಬೀಗಗಳೆಲ್ಲ ತನ್ನವು. ತೆಗೆಯದಿದ್ದರೆ ಮುಂದೆ ಸಂತೆಗೂ ಮುಖ ತೋರಿಸುವಂತಿಲ್ಲ.

ಪರದೆಯ ಸಂದಿಯಿಂದ ದೇವಿ ಪಾರ್ಟಿನ ಬಂಗಾರಪ್ಪ ಕಿರೀಟ ತೂರಿಸಿದ.

"ಲೇ ಯರ್ರೆಪ್ಪ, ಏನ ಮಾಡಿದ್ರೂ ನಾ ಬಂದು ಮುಟ್ಟಿದ ಮ್ಯಾಲ ಮಾಡು. ಬಾಗಳಿಯಿಂದ ನಮ್ಮ ಮಾವ ಬಂದು ಮುಂದ ಕುಂತಾನ."

"ಆಗಂಗಿಲ್ಲ. ತಗದಾಂವ ಯಾರು ಅಂತ ಊರು ನೋಡ್ಬೇಕು," ಎಂದ ಯರ್ರೆಪ್ಪ.

ಮೊದಲು ತನ್ನ ಕಿರೀಟದ ತಂತಿ ಕಿತ್ತು ಬೀಗದ ಬಾಯಿಗೆ ಹಾಕಿದ. ಅದು ಶಾವಿಗೆಯಂತೆ ಸುರುಳಿ ಸುತ್ತಿಕೊಂಡು ಹೊರಗೆ ಬಂತು. ಭುಜಕೀರ್ತಿಗೆ ಚುಚ್ಚಿದ್ದ ಪಿನ್ನು ಒಳಗೆ ಹೋದ ಕೂಡಲೇ ಮುರಿಯಿತು. ಅಷ್ಟರಲ್ಲಿ ಹಿಮ್ಮೇಳದವರು ಸೆರೆಮನೆಯ ಪದವನ್ನೇ ತಿರುತಿರುಗಿ ಹಾಡಿ ಬೇಸತ್ತು, ಬೇರೊಂದು ಆಟದ ಮದುವೆಯ ಪದ ಹಿಡಿದಿದ್ದರು. ಯಾರೂ ಆಕ್ಷೇಪಿಸಲಿಲ್ಲ. ಯರ್ರೆಪ್ಪ ಮಗ್ಗುಲಲ್ಲಿ ನಿಂತು ಆಟ ನಡೆಸಿಕೊಡುವ ಸಾರಥಿಯ ಕಡೆ ತಿರುಗಿ, ಪಾರ್ಟಿನ ಗತ್ತು ಬಿಡದೆ ಅಪ್ಪಣೆ ಕೊಟ್ಟ.

"ಎಲೈ ಸಾರಥಿ, ನೆರೆದಿರುವಂಥಾ ತಾಯಂದಿರ ತುರುಬಿನಿಂದ ಹೇರ್‌ಪಿನ್ನುಗಳನ್ನು ಶೀಘ್ರವಾಗಿ ತರಿಸುವಂಥವನಾಗು."

ಸಾರಥಿ ಬಾಯಿ ತೆರೆಯುವ ಮೊದಲೇ ಪಿನ್ನುಗಳು ಆಲಿಕಲ್ಲಿನಂತೆ ಅಟ್ಟದ ಮೇಲೆ ಸುರಿದವು. ತುರುಬು ಬಿಚ್ಚಿಕೊಂಡು ಕೂತ ಅಷ್ಟೂ ಹೆಂಗಸರನ್ನು ಒಮ್ಮೆಗೇ ಕಂಡ ಮದ್ದಳೆಯವನು, ಎಲ್ಲರ ಮೈಮೇಲೂ ದೇವರು ಬಂದಿದೆಯೆಂದು ತಿಳಿದು ಎದ್ದು ಓಡಿದ. ಅವನನ್ನು ಊರಗಸೆಯ ಬಾಗಿಲ ಹತ್ತಿರ ಹಿಡಿದು ಕರೆತಂದರು. ಪಿನ್ನುಗಳ ರಾಶಿಯಿಂದ ಯರ್ರೆಪ್ಪ ಗಟ್ಟಿಯಾದ ಒಂದನ್ನು ಆರಿಸಿಕೊಂಡ. ಅದು ಬೀಗದ ನಾಲಿಗೆ ತಿರುವಲು ಸಾಕು. ಒಳಗಿನ ಪಟ್ಟಿಗಳನ್ನು ಎತ್ತಿ ಹಿಡಿಯಲು ತುದಿ ಬಾಗಿದ, ಬಳುಕದ ಇನ್ನೊಂದು ಬೇಕಿತ್ತು. ಮುಂದಿನ ಸಾಲಿನಲ್ಲಿ ಮುದುಕಿ ಗಾದೆಮ್ಮ, ಎಲೆಅಡಿಕೆ ಸಂಚಿಗೆ ಕಟ್ಟಿಕೊಂಡಿದ್ದ ಹಿತ್ತಾಳೆ ಕಡ್ಡಿಯಿಂದ ಕಣ್ಣು ಮುಚ್ಚಿ ಕಿವಿಯ ಗುಗ್ಗೆ ತೆಗೆಯುತ್ತಿದ್ದಳು.

"ಅಜ್ಜಿ, ಆ ಕಡ್ಡಿ ಇತ್ತಾಗ ಕೊಡು."

"ಒರಸಿ ಕೊಡ್ಲೇನಪಾ?"

"ಹಂಗ ಕೊಡು. ಗಾಳೆಪ್ಪ ಈ ಬೀಗಕ್ಕ ಎಣ್ಣಿ ಬಿಟ್ಟಾಂವಲ್ಲ. ಗುಗ್ಗಿ ಇದ್ರ ಚಲೋನ."

ಪೆಟ್ರೋಮ್ಯಾಕ್ಸ್ ಆರಿಸಿದ್ದರು. ಬಿಸಿಲು ಅಟ್ಟಕ್ಕೆ ಹತ್ತಿತ್ತು. ಯರ್ರೆಪ್ಪ ಕೊನೆಯ ಸಾಲಿಗೂ ಕಾಣುವಂತೆ ಬೀಗವನ್ನು ಎತ್ತಿ ಹಿಡಿದು, ಮುರಿಯುತ್ತಿಲ್ಲ, ತೆಗೆಯುತ್ತಿದ್ದೇನೆ, ಕಣ್ಣು ಬಿಟ್ಟು ನೋಡಿಕೊಳ್ಳಿ ಎಂದು ಸಾರಿ, ಪಿನ್ನು ತಿರುವಿ ಹಿಡಿದು ಕಡ್ಡಿ ಆಡಿಸಿದ. ಒಳಗಿನ ಪಟ್ಟಿಗಳು ಒಂದೊಂದೇ ಎದ್ದು ನಿಲ್ಲತೊಡಗಿದವು. ಮಾವನ ಎದುರು ತನ್ನ ಪಾರ್ಟು ಮಣ್ಣುಗೂಡುವುದನ್ನು ಕಂಡ ಬಂಗಾರಪ್ಪ ತಡೆಯಲಾರದೆ ಪರದೆ ಹರಿದುಕೊಂಡೇ ಅಟ್ಟಕ್ಕೆ ನುಗ್ಗಿದ. ಸೀರೆ ಕಾಲಿಗೆ ತೊಡರಿತು. ಅಟ್ಟದ ಆ ತುದಿಯಲ್ಲಿ ದೇವಿ ಮುಗ್ಗರಿಸಿದಳು. ಈ ತುದಿಯಲ್ಲಿ ಬೀಗ ಬಾಯಿಬಿಟ್ಟು ದಪ್ಪನೆ ಬಿತ್ತು.

ಹಿಂದಿನ ಸಾಲಿನಿಂದ ಯಾರೋ, ಪ್ರತಿ ಸಲ ದೇವಿ ಮುಟ್ಟಬೇಕಿತ್ತು, ಈ ಸಲ ಆಕಿ ಬಂದ ಕೂಡಲೇ ಮುಟ್ಟದೆಯೇ ಬಿತ್ತಲ್ಲ ಎಂದರು. ತೆಂಗಿನಕಾಯಿಗಳು ಒಡೆದವು. ಬಾಗಳಿಯ ಮಾವ ಅಟ್ಟ ಹತ್ತಿ ಅಳಿಯನ ಕಾಲಿಗೆ ಬಿದ್ದ. ರಾಕ್ಷಸನೂ ಬಿದ್ದ, ಅದು ಅವನ ಪಾರ್ಟಿನಲ್ಲಿ ಇರಲಿಲ್ಲ. ಯರ್ರೆಪ್ಪ ಪಿನ್ನು, ಕಡ್ಡಿ ಎರಡನ್ನೂ ಎತ್ತಿ ತೋರಿಸುತ್ತಾ ಗಂಟಲು ಹರಿದುಕೊಂಡ. ದೇವಿಗೆ ಅಡ್ಡ ನಿಲ್ಲಬೇಡ ಎಂದು ಅವನನ್ನು ಮೆಲ್ಲಗೆ ಬದಿಗೆ ಸರಿಸಿದರು.

ಮರುವಾರ ಯರ್ರೆಪ್ಪ ಮನೆಯ ಕಟ್ಟೆಯ ಮೇಲೆ ಅರ, ತಂತಿ, ಎಣ್ಣೆ ಹರವಿಕೊಂಡು ಕೂತಿದ್ದಾಗ, ಗಾದೆಮ್ಮ ಬೀಗ ಜಡಿದ ಟ್ರಂಕು ಹೊತ್ತುಕೊಂಡು ಅವನ ಮುಂದೆಯೇ ದಾಟಿದಳು. ಅವನು ಎದ್ದು ಹೋಗಿ ಅಡ್ಡ ನಿಂತ.

"ಅಜ್ಜಿ, ನಿನ್ನ ಕಡ್ಡೀಲೇ ತಗದೀನಿ. ಎದುರಿಗೇ ಕುಂತಿದ್ದಿ. ನೋಡಲಿಲ್ಲೇನು?"

"ನೋಡಿದೆ. ಸರಿಯಾಗಿ ಆ ಹೊತ್ತಿಗೇ ನನ್ನ ಕಿವಿ ತುರಿಸೋ ಹಂಗ ಮಾಡಿದಾಕಿ ಯಾರು?"

ಮುದುಕಿ ಟ್ರಂಕನ್ನು ತಲೆಯ ಮೇಲೆ ಸರಿಮಾಡಿಕೊಂಡಳು.

"ದಾರಿ ಬಿಡಪಾ. ದೇವಿ ಪಾರ್ಟಿಗಂತ ಬೋಳಿಸಿದ್ದ ಮೀಸಿ ಬಂಗಾರಪ್ಪಗ ಮತ್ತ ಚಿಗುರಾಕತ್ತೈತಂತ. ಪೂರಾ ಬರೋದ್ರಾಗ ಅವನ ಕೈಲೆ ಈ ಬೀಗ ಮುಟ್ಟಿಸ್ಕೊಂಡು ಬರಬೇಕು."