ಎದುರಾಳಿಗೆ ಮೂವತ್ತಾರು

ನಾನೂರು ಚೀಟಿಗಳನ್ನೂ ಎರಡೆರಡು ಸಲ ಎಣಿಸಿದ್ದಾಯಿತು. ಎದುರಾಳಿಗೆ ಒಂದೇ ಒಂದು ಮತ ಬಿದ್ದಿರಲಿಲ್ಲ. ಶಾಲೆಯ ಹೆಡ್‌ಮಿಸ್ಸೂ ಮತಗಟ್ಟೆಯ ಮುಖ್ಯಸ್ಥೆಯೂ ಆದ ಜುಲ್ಹುಮೋರ್ ತಲೆಯ ಮೇಲೆ ಕೈ ಹೊತ್ತು ಮಕ್ಕಳ ಬೆಂಚಿನ ಮೇಲೆ ಕುಳಿತುಬಿಟ್ಟಳು.

"ಇಡೀ ಊರಲ್ಲಿ ಒಬ್ಬನಿಗಾದ್ರೂ ಬುದ್ಧಿ ಬೇಡ್ವಾ?"

"ಎಲ್ಲರಿಗೂ ಬುದ್ಧಿ ಇರೋದಕ್ಕೇ ಮೇಡಂ ಹಿಂಗಾಗಿರೋದು," ಎಂದರು ಲೆಕ್ಕದ ಮೇಷ್ಟ್ರು ತುರ್ಗುನ್.

ಬೆಳಿಗ್ಗೆಯೇ ಜಿಲ್ಲಾ ಕಚೇರಿಯಿಂದ ಫೋನು ಬಂದಿತ್ತು. ಈ ಸಲ ಹೊರದೇಶದವರು ನೋಡಲು ಬಂದಿದ್ದಾರೆ, ಸ್ಪರ್ಧೆ ನಡೆದ ಹಾಗೆ ಕಾಣಬೇಕು. ದೇಶದ ಅಧ್ಯಕ್ಷರಿಗೆ ನೂರಕ್ಕೆ ತೊಂಬತ್ತೊಂದು, ಎದುರಾಳಿಗೆ ಒಂಬತ್ತು. ನಾಲ್ಕು ಗಂಟೆಗೆ ಹೊರದೇಶದವರ ಕಾರು ಬರುತ್ತದೆ. ಅವರು ಯಾವ ಚೀಲ ಬಿಚ್ಚಿದರೂ ಚೀಟಿ ಸರಿಯಿರಬೇಕು. ಮತದಾನವೇನೋ ಸಲೀಸಾಗಿ ಆಗಿತ್ತು. ಮನೆಗೊಬ್ಬರು ಗುರುತಿಗೆಂದು ಇಡೀ ಕುಟುಂಬದ ಪಾಸ್‌ಪೋರ್ಟುಗಳನ್ನು ಕೈಚೀಲದಲ್ಲಿ ಹಾಕಿಕೊಂಡು ಬಂದು, ಎಲ್ಲರ ಪರವಾಗಿ ಗುರುತು ಹಾಕಿ, ಹನ್ನೊಂದಕ್ಕೆಲ್ಲ ಊರಿನ ಮತ ಮುಗಿಸಿದ್ದರು. ಒಂಬತ್ತರ ಮಾತನ್ನು ಅವರಿಗೆ ಹೇಳುವುದು ಹೇಗೆ? ಹೋದ ಚುನಾವಣೆಯಲ್ಲಿ ಲೆಕ್ಕ ತಪ್ಪಿಸಿದ ಹೆಡ್‌ಮಾಸ್ತರು ಈಗ ಹತ್ತಿ ಗೋದಾಮಿನಲ್ಲಿ ಚೀಲ ಹೊಲಿಯುತ್ತಿದ್ದಾರೆ. ಜುಲ್ಹುಮೋರ್‌ಗೆ ಪಿಂಚಣಿಗೆ ಇನ್ನು ಎರಡೇ ವರ್ಷ.

"ಗಾಬರಿ ಯಾಕೆ?" ಎಂದರು ತುರ್ಗುನ್. "ಮಿಕ್ಕಿದ ಖಾಲಿ ಚೀಟಿ ಬೀರುವಲ್ಲಿದೆ. ಮೂವತ್ತಾರಕ್ಕೆ ಎದುರಾಳಿ ಹೆಸರಿನ ಮುಂದೆ ಗುರುತು ಹಾಕೋದು, ಅಧ್ಯಕ್ಷರವು ಮೂವತ್ತಾರು ತೆಗೆದು ಒಲೆಗೆ ಹಾಕೋದು. ಹತ್ತು ನಿಮಿಷದ ಕೆಲಸ."

"ಸರಿ, ಹಾಕಿ ಮತ್ತೆ."

"ನಾನಾ?" ತುರ್ಗುನ್ ಪೆನ್ನನ್ನು ಮೆಲ್ಲಗೆ ಮೇಜಿನ ಆ ಕಡೆಗೆ ತಳ್ಳಿದರು. "ಮುಖ್ಯಸ್ಥೆ ನೀವು."

"ಹತ್ತಿ ಹಬ್ಬದಲ್ಲಿ ಅಧ್ಯಕ್ಷರ ಕೈ ಕುಲುಕಿದ ಕೈ ಮೇಷ್ಟ್ರೇ ಇದು! ಇದರಲ್ಲಿ ಹಾಕ್ಲಾ?"

"ಎಡಗೈಯಲ್ಲಿ ಹಾಕಿ."

"ಎಡಗೈ ಏನು ಪಕ್ಕದ ಮನೆಯವರದ್ದಾ? ನೀವು ಹಾಕಿದ್ರೆ ಏನು ಹೋಗತ್ತೆ?"

"ಮಗಳು ಮೆಡಿಕಲ್‌ಗೆ ಅರ್ಜಿ ಹಾಕಿದಾಳೆ. ನಾಳೆ ಯಾರಾದ್ರೂ 'ನಿಮ್ಮಪ್ಪ ಆವತ್ತು ಮೂವತ್ತಾರು ಸಲ ಏನು ಮಾಡಿದ?' ಅಂದ್ರೆ?"

"ಮೇಲಿನವರೇ ಹೇಳಿದ್ದು ಅನ್ನಿ."

"ಮೇಲಿನವರು ಬರೆದು ಕೊಟ್ಟಿದಾರಾ?"

ಪೆನ್ನು ಮೇಜಿನ ಮೇಲೆ ನಾಲ್ಕು ಸಲ ಆ ಕಡೆ ಈ ಕಡೆ ಓಡಾಡಿತು. ಆಗಲೇ ಎರಡೂವರೆ ಗಂಟೆ. ಅಷ್ಟರಲ್ಲಿ ಶಾಲೆಯ ಅಡುಗೆಯವಳು ಹೋಸಿಯತ್ ಪಲಾವಿನ ದೊಡ್ಡ ತಟ್ಟೆ ಹಿಡಿದು ಒಳಗೆ ಬಂದಳು. ಇಬ್ಬರೂ ಅವಳನ್ನು ನೋಡಿದರು. ಆಮೇಲೆ ಒಬ್ಬರನ್ನೊಬ್ಬರು ನೋಡಿಕೊಂಡರು.

"ಹೋಸಿಯತ್ ಅಕ್ಕಾ, ಕೂತ್ಕೊಳ್ಳಿ, ಕೂತ್ಕೊಳ್ಳಿ," ಎಂದು ತುರ್ಗುನ್ ತಾವೇ ಎದ್ದು ಕುರ್ಚಿ ಕೊಟ್ಟರು.

"ಇಪ್ಪತ್ತು ವರ್ಷದಲ್ಲಿ ಒಂದು ದಿನ ಕುರ್ಚಿ ಕೊಡದವರು ಇವತ್ತು ಕೊಡ್ತಿದೀರಿ. ಏನು ಕಳ್ಳತನ ಮಾಡಿಸ್ಬೇಕು ಹೇಳಿ."

ಹೇಳಿದರು. ಅವಳು ಕೈಯನ್ನು ಏಪ್ರನ್ನಿಗೆ ಒರೆಸಿಕೊಂಡು ಒಂದು ಚೀಟಿ ಎತ್ತಿ ನೋಡಿದಳು. "ಯಾರಪ್ಪಾ ಇವನು, ಎಷ್‌ಮುರೋದ್ ಅಂತೆ?"

"ಎದುರಾಳಿ," ಎಂದಳು ಜುಲ್ಹುಮೋರ್. ಅವನ ಹೆಸರು ಅವಳಿಗೂ ನೆನಪಿರಲಿಲ್ಲ.

"ಏನು ಮಾಡ್ತಾನಂತೆ?"

ಇಬ್ಬರಿಗೂ ಗೊತ್ತಿರಲಿಲ್ಲ. ಹೋಸಿಯತ್ ಎದ್ದು ಬಾಗಿಲ ಪಕ್ಕದ ಗೋಡೆಯ ಹತ್ತಿರ ಹೋದಳು. ನಿಯಮದ ಪ್ರಕಾರ ಅಲ್ಲಿ ಇಬ್ಬರೂ ಅಭ್ಯರ್ಥಿಗಳ ಭಿತ್ತಿಪತ್ರಗಳನ್ನು ಅಂಟಿಸಿದ್ದರು. ತಿಂಗಳಿಂದ ಅವುಗಳ ಮುಂದೆ ಯಾರೂ ನಿಂತಿರಲಿಲ್ಲ. ಅವಳು ಎದುರಾಳಿಯದನ್ನು ಅಕ್ಷರ ಅಕ್ಷರ ಕೂಡಿಸಿ ಓದಿದಳು.

"ಹಳ್ಳಿಹಳ್ಳಿಗೆ ಚಳಿಗಾಲದಲ್ಲಿ ಗ್ಯಾಸು ಕೊಡ್ತಾನಂತೆ! ನಮ್ಮ ಬೀದಿಗೆ ಪೈಪು ಬಂದು ಹದಿನೈದು ವರ್ಷ ಆಯ್ತು, ಗ್ಯಾಸು ಬಂದಿಲ್ಲ. ಹತ್ತಿ ಗಿಡದ ಕಡ್ಡಿ ಉರಿಸಿ ಉರಿಸಿ ನನ್ನ ಕಣ್ಣು ನೋಡಿ ಏನಾಗಿದೆ. ಬೆಳಿಗ್ಗೆ ಯಾಕೆ ಯಾರೂ ಇದನ್ನ ಹೇಳ್ಲಿಲ್ಲ?"

"ಶ್ಶ್! ಅವನೂ ಕೊಡಲ್ಲಕ್ಕ, ಬರೀ ಬರೆದಿರ್ತಾನೆ. ನೀವು ಗುರುತು ಹಾಕಿ," ಎಂದರು ತುರ್ಗುನ್.

ಹೋಸಿಯತ್ ಕುಳಿತು, ಕ್ಯಾರೆಟ್ ಹೆಚ್ಚುವ ವೇಗದಲ್ಲಿ ಮೂವತ್ತಾರು ಚೀಟಿಗಳಿಗೂ ಗುರುತು ಹಾಕಿ ಪೆನ್ನು ಕೆಳಗಿಟ್ಟಳು. ಜುಲ್ಹುಮೋರ್ ನಿಟ್ಟುಸಿರು ಬಿಟ್ಟಳು. ತುರ್ಗುನ್ ಅಧ್ಯಕ್ಷರ ಕಟ್ಟಿನ ಮೇಲಿಂದ ಮೂವತ್ತಾರು ಚೀಟಿ ಎತ್ತಿಕೊಂಡು ಒಲೆಯ ಕಡೆ ತಿರುಗಿದರು.

"ತಡೀರಿ ಮೇಷ್ಟ್ರೇ. ಸುಡೋದು ಯಾವ ಮೂವತ್ತಾರು?"

"ಯಾವುದಾದ್ರೇನಕ್ಕ? ಎಲ್ಲ ಒಂದೇ."

"ಒಂದೇ ಆದ್ರೆ ನಂದೂ ಅದರಲ್ಲಿ ಸೇರಲಿ." ಅವಳು ಅಧ್ಯಕ್ಷರ ಕಟ್ಟನ್ನು ತನ್ನ ಕಡೆ ಎಳೆದುಕೊಂಡು ಒಂದೊಂದಾಗಿ ಮಗುಚತೊಡಗಿದಳು. "ಬೆಳಿಗ್ಗೆ ಪಲಾವಿಗೆ ಒಗ್ಗರಣೆ ಹಾಕಿದ ಕೈಯಲ್ಲೇ ಬಂದು ಹಾಕಿದ್ದೆ. ಎಣ್ಣೆ ಕಲೆ ಇರತ್ತೆ... ಇಗೋ!" ಹಳದಿ ಬೆರಳಚ್ಚು ಮೂಡಿದ್ದ ಚೀಟಿಯನ್ನು ಎತ್ತಿ, ಸುಡುವ ಕಂತೆಗೆ ಸೇರಿಸಿದಳು. ಅಲ್ಲಿಂದ ಬೇರೊಂದನ್ನು ತೆಗೆದು ಕಟ್ಟಿಗೆ ಹಿಂದಿರುಗಿಸಿದಳು. "ಲೆಕ್ಕ ಸರಿಯಾಯ್ತಲ್ಲ? ಊಟ ಮಾಡಿ, ಆರಿಹೋಗತ್ತೆ," ಎಂದು ಹೊರಟುಹೋದಳು.

ಪಲಾವಿಗೆ ಯಾರೂ ಕೈ ಹಾಕಲಿಲ್ಲ. ತುರ್ಗುನ್ ಒಲೆಯ ಹತ್ತಿರ ಹೋಗದೆ, ಕಟ್ಟಿನ ಮುಂದೆ ಕುಳಿತು ಚೀಟಿಗಳನ್ನು ತಿರುವಿಹಾಕತೊಡಗಿದರು.

"ಏನು ಹುಡುಕ್ತಿದೀರಿ ಮೇಷ್ಟ್ರೇ? ಮೂರು ಗಂಟೆ ಆಯ್ತು."

"ನನ್ನದನ್ನ ನಾಲ್ಕು ಮಡಿಕೆ ಮಡಿಚಿ ಹಾಕಿದ್ದೆ," ಎಂದರು ಅವರು, ತಲೆಯೆತ್ತದೆ.

ಜುಲ್ಹುಮೋರ್ ಎದ್ದು ಹೋಗಿ ಬಾಗಿಲಿನ ಚಿಲಕ ಹಾಕಿದಳು. ವಾಪಸು ಬಂದು, ಕನ್ನಡಕ ಏರಿಸಿಕೊಂಡು, ಅರ್ಧ ಕಟ್ಟನ್ನು ತನ್ನ ಕಡೆಗೆ ಎಳೆದುಕೊಂಡಳು.