ತಿದ್ದದ ಚಿತ್ರ

“ಹೊಟ್ಟೆ ಬಿಗಿ ಹಿಡೀಬೇಡಿ,” ಎಂದ ಫೋಟೋಗ್ರಾಫರ್. “ಉಸಿರು ಬಿಟ್ಟು ಆರಾಮಾಗಿ ನಿಂತ್ಕೊಳ್ಳಿ.”

ಕುಸ್ತಿಪಟು ಉಸಿರು ಬಿಟ್ಟಳು. ಹದಿನಾಲ್ಕು ವರ್ಷ ಎದುರಾಳಿಗಳನ್ನು ಎತ್ತಿ ಒಗೆದವಳಿಗೆ ಸುಮ್ಮನೆ ನಿಲ್ಲುವುದೇ ಕಷ್ಟವಾಗಿತ್ತು. ಗೋಡೆಯ ಗಡಿಯಾರದಲ್ಲಿ ಹನ್ನೊಂದು. ಊರಿನ ಇನ್ನೊಂದು ತುದಿಯ ಕ್ರೀಡಾಂಗಣದಲ್ಲಿ ಈಗ ರಾಷ್ಟ್ರೀಯ ತಂಡದ ಆಯ್ಕೆ ನಡೆಯುತ್ತಿತ್ತು. ಮೂವತ್ತೊಂದು ತುಂಬಿದವಳಿಗೆ ಅದೇ ಕೊನೆಯ ಅವಕಾಶ.

“ಒಂದು ಫೋಟೋಗೋಸ್ಕರ ಆಯ್ಕೆ ಬಿಡ್ತೀಯಾ?” ಎಂದು ಕುಸ್ತಿ ಕಲಿಸಿದ ಮೇಷ್ಟ್ರು ಕೇಳಿದ್ದರು.

“ಭುಜ ಎರಡು ಸಲ ಕಳಚಿದೆ ಸರ್. ಇನ್ನೆಷ್ಟು ದಿನ ಎಳೀಲಿ? ಇದು ಕೈಹಿಡಿದ್ರೆ ಮುಂದಕ್ಕೊಂದು ದಾರಿ ಆಗತ್ತೆ.”

“ಕಂಪ್ಯೂಟರಲ್ಲಿ ಕೆತ್ತಿ ನಿನ್ನನ್ನ ಕಡ್ಡಿ ಮಾಡ್ತಾರೆ, ನೋಡ್ತಿರು.” ಅಂದಿನಿಂದ ಅವರು ಮಾತು ಬಿಟ್ಟಿದ್ದರು.

ಆ ಮಾತು ನಾಟಿತ್ತು. ಅವಳು ಅಮ್ಮನನ್ನು ಹೆಗಲ ಮೇಲೆ ಕೂರಿಸಿಕೊಂಡು ಬಸ್ಕಿ ಹೊಡೆಯುವ ವಿಡಿಯೊವನ್ನು ತಂಗಿ ಅಕ್ಕನ ಪೇಜಿಗೆ ಹಾಕಿದ ಮೇಲೆ ಎರಡು ಲಕ್ಷ ಜನ ಅದನ್ನು ಫಾಲೋ ಮಾಡತೊಡಗಿದ್ದರು. ಅವರು ಮೆಚ್ಚಿದ್ದು ಈ ತೋಳನ್ನು, ಈ ತೊಡೆಯನ್ನು. ಹಾಗಾಗಿ ಜಾಹೀರಾತಿಗೆ ಕರೆದ ಜಿಮ್ ಕಂಪನಿಯ ಮೇಡಂ ಮುಂದೆ ಒಂದೇ ಷರತ್ತು ಇಟ್ಟಿದ್ದಳು: ಚಿತ್ರದಲ್ಲಿ ತನ್ನ ಮೈಯನ್ನು ತಿದ್ದಕೂಡದು.

“ಕೂದಲೆಳೆಯಷ್ಟೂ ತಿದ್ದಲ್ಲ,” ಎಂದು ಮೇಡಂ ಅಲ್ಲೇ ಬರೆದುಕೊಟ್ಟಿದ್ದರು. “ನೀವು ಇರೋ ಹಾಗೇ ಬೇಕು ನಮಗೆ. ನಿಮ್ಮನ್ನ ನೋಡಿದ ಮರುದಿನವೇ ಹೆಂಗಸರು ಜಿಮ್ಮಿಗೆ ಓಡಿ ಬರ್ತಾರೆ.”

ಮೇಕಪ್ ಮಾಡುವವಳು ಬಂದು ನೋಡಿ, ಏನೂ ಹಚ್ಚದೆ ಹೋದಳು. ಮೈಗೆ ಎಣ್ಣೆ ಬೇಡ, ತೋಳು ಉಬ್ಬಿಸುವುದು ಬೇಡ, ನಗುವುದೂ ಬೇಡ. ಇದ್ದದ್ದನ್ನು ಇದ್ದ ಹಾಗೆ ತೋರಿಸುವುದೆಂದರೆ ಇದೇ ಇರಬೇಕು ಎಂದುಕೊಂಡಳು ಕುಸ್ತಿಪಟು. ಹತ್ತು ನಿಮಿಷದಲ್ಲಿ ಎಲ್ಲ ಮುಗಿಯಿತು.

ಹೊರಗೆ ಬಂದು ಕ್ರೀಡಾಂಗಣದಲ್ಲಿದ್ದ ಗೆಳತಿಗೆ ಫೋನ್ ಮಾಡಿದಳು. ತನ್ನ ತೂಕದ ವಿಭಾಗಕ್ಕೆ ಬಂದಿದ್ದವಳು ಒಬ್ಬಳೇ ಹುಡುಗಿ. ಎದುರಾಳಿಯೇ ಇಲ್ಲದೆ, ಆಡದೆಯೇ ತಂಡ ಸೇರಿದ್ದಳು. ಕುಸ್ತಿಪಟು ಬಹಳ ಹೊತ್ತು ಮೆಟ್ಟಿಲ ಮೇಲೆ ಕೂತಿದ್ದಳು.

ಮೂರು ವಾರದ ನಂತರ ದೊಡ್ಡ ವೃತ್ತದಲ್ಲಿ ಜಿಮ್ಮಿನ ಜಾಹೀರಾತು ಫಲಕ ಏರಿತು. ಅಮ್ಮ ಮದುವೆಗೆ ಹೊರಟವಳಂತೆ ಸಿಂಗರಿಸಿಕೊಂಡು ಬಂದಳು. ಮೇಷ್ಟ್ರೂ ಬಂದಿದ್ದರು, ಯಾರೂ ಕರೆಯದೆಯೇ. ಬಸ್ಸಿಳಿಯುತ್ತಲೇ ತಂಗಿ ಫೋನ್ ಎತ್ತಿ ಪೇಜಿನಲ್ಲಿ ಲೈವ್ ಶುರು ಮಾಡಿದಳು. “ಬನ್ನಿ ಬನ್ನಿ, ನಮ್ಮಕ್ಕನ್ನ ನೋಡಿ!”

ಮೂರು ಮಹಡಿ ಎತ್ತರಕ್ಕೆ ಅವಳೇ ನಿಂತಿದ್ದಳು. ಅದೇ ತೋಳು, ಅದೇ ತೊಡೆ. ಏನನ್ನೂ ತಿದ್ದಿರಲಿಲ್ಲ.

“ಅಯ್ಯೋ ನನ್ನ ಕಂದಾ, ಎಷ್ಟು ದೊಡ್ಡದಾಗಿ ಹಾಕಿದಾರೆ!” ಅಮ್ಮ ಕನ್ನಡಕ ತಡಕಿದಳು. “ಮೇಲೆ ಏನೋ ಬರೆದಿದಾರಲ್ಲೇ, ಓದು.”

ತಂಗಿ ಫೋನ್ ಇಳಿಸಿದಳು. ಮೇಷ್ಟ್ರು ಮುಖ ತಿರುಗಿಸಿದರು.

ಅಕ್ಕನ ತಲೆಯ ಮೇಲೆ ‘ಮೂರು ತಿಂಗಳ ಹಿಂದೆ’ ಎಂದಿತ್ತು. ಪಕ್ಕದಲ್ಲಿ ಅದೇ ಬಟ್ಟೆ ತೊಟ್ಟು, ಅವಳ ಅರ್ಧದಷ್ಟೂ ಇಲ್ಲದ ಹುಡುಗಿಯೊಬ್ಬಳು ‘ಇಂದು’ ಎಂಬ ಪದದ ಕೆಳಗೆ ನಗುತ್ತಿದ್ದಳು.